ವಾಸನೆ ಇಲ್ಲ ಎಂದು ನಾನು ಹೇಳಿದ ಬೆಳಿಗ್ಗೆ

ನಮ್ಮ ಅರೀನಾದಲ್ಲಿ ಬ್ಯಾಸ್ಕೆಟ್‌ಬಾಲ್ ಆಡುವವರ ಕಾಲ ಕೆಳಗೆ ಮಂಜುಗಡ್ಡೆ ಇರುತ್ತದೆ. ಆಟ ನೋಡಲು ಬರುವ ಹೆಚ್ಚಿನವರಿಗೆ ಇದು ಗೊತ್ತಿರುವುದಿಲ್ಲ. ಒಂದು ದಿನ ಐಸ್ ಹಾಕಿ ಪಂದ್ಯ, ಮರುದಿನ ಬ್ಯಾಸ್ಕೆಟ್‌ಬಾಲ್, ಅದರ ಮರುದಿನ ಸಂಗೀತ ಕಾರ್ಯಕ್ರಮ ಎಂದಾದಾಗ ಪ್ರತಿ ಸಲ ಐಸ್ ಕರಗಿಸಿ ಮತ್ತೆ ಕಟ್ಟುತ್ತ ಕೂರಲು ಆಗುವುದಿಲ್ಲ. ಅದಕ್ಕೇ ಐಸ್ ಮೇಲೆ ಶಾಖ ತಡೆಯುವ ಹಲಗೆಗಳನ್ನು ಹಾಸಿ, ಅವುಗಳ ಮೇಲೆ ಮೇಪಲ್ ಮರದ ಅಂಕಣವನ್ನು ತುಂಡು ತುಂಡಾಗಿ ಜೋಡಿಸುತ್ತೇವೆ. ನಮ್ಮದು ದೊಡ್ಡ ಲೀಗಿನ ತಂಡವಲ್ಲ. ಅದರ ಕೆಳಗಿನ ಹಂತದ್ದು. ಮೇಲೆ ಹೋಗಲು ಕಾಯುತ್ತಿರುವ ಹುಡುಗರು, ಮೇಲಿನಿಂದ ಇಳಿದು ಬಂದವರು ಅಲ್ಲಿ ಆಡುತ್ತಾರೆ.

ಐಸ್ ಕರಗದಂತೆ ನೋಡಿಕೊಳ್ಳುವುದು ಕಟ್ಟಡದ ಪೂರ್ವ ತುದಿಯ ಮೆಷಿನ್ ರೂಮಿನಲ್ಲಿರುವ ಅಮೋನಿಯಾ ಕಂಪ್ರೆಸರ್‌ಗಳು. ಅಮೋನಿಯಾ ಆ ಕೋಣೆ ಬಿಟ್ಟು ಹೊರಗೆ ಬರುವುದಿಲ್ಲ. ಅಲ್ಲಿ ತಣ್ಣಗಾದ ಉಪ್ಪುನೀರು ಮಾತ್ರ ಪೈಪುಗಳಲ್ಲಿ ಅಂಕಣದ ಕೆಳಗೆ ಹರಿಯುತ್ತದೆ. ಹೊರಗೆ ಬರುವುದಿಲ್ಲ ಎನ್ನುವುದು ನಾವೆಲ್ಲ ನಂಬಿಕೊಂಡಿದ್ದ ಮಾತು.

ಸ್ಯಾನ್ ಡಿಯಾಗೋದ ಉತ್ತರಕ್ಕಿರುವ ಆ ಕಟ್ಟಡದ ಗಾಳಿ, ಶಾಖ, ಐಸ್ ನೋಡಿಕೊಳ್ಳುವ ಇಂಜಿನಿಯರ್ ನಾನು. ಹುಬ್ಬಳ್ಳಿಯಲ್ಲಿ ಮೆಕ್ಯಾನಿಕಲ್ ಓದಿದವಳು. ಕೋವಿಡ್ ಬಂದು ಅರೀನಾ ಮುಚ್ಚಿದಾಗ ಹದಿನೈದು ತಿಂಗಳು ಕೆಲಸವಿಲ್ಲದೆ ಹತ್ತಿರದ ಪೊವೇ ಊರಿನ ಮನೆಯಲ್ಲಿ ಕುಳಿತಿದ್ದೆ. ಮತ್ತೆ ಕರೆ ಬಂದು ಕೆಲಸಕ್ಕೆ ಸೇರಿದ ಕೆಲವೇ ತಿಂಗಳಲ್ಲಿ ನನಗೂ ಕೋವಿಡ್ ಬಂತು. ಜ್ವರ ನಾಲ್ಕು ದಿನಕ್ಕೆ ಹೋಯಿತು. ಆಮೇಲೊಂದು ಸಂಜೆ ಒಗ್ಗರಣೆ ಇಟ್ಟು ಒಲೆಯ ಮುಂದೆಯೇ ನಿಂತು ಫೋನ್ ನೋಡುತ್ತಿದ್ದೆ. ಮಹಡಿಯಿಂದ ಗಂಡ ಓಡಿ ಬಂದು ಕಿಟಕಿ ತೆರೆದರು. ಸಾಸಿವೆ ಸೀದು ಕರಕಲಾಗಿತ್ತು. ನನಗೆ ಏನೂ ಗೊತ್ತಾಗಿರಲಿಲ್ಲ.

ಡಾಕ್ಟರು ಮೂಗಿಗೆ ಅಭ್ಯಾಸ ಕೊಡಲು ಹೇಳಿದರು. ದಿನಾ ಬೆಳಿಗ್ಗೆ ಕಣ್ಣು ಮುಚ್ಚಿ, ಚೆನ್ನಾಗಿ ನೆನಪಿರುವ ಒಂದು ಗಾಢ ವಾಸನೆಯನ್ನು ಮನಸ್ಸಿಗೆ ತಂದುಕೊಳ್ಳುತ್ತ ಆ ವಸ್ತುವನ್ನು ಮೂಸಬೇಕು. ಲವಂಗ, ನಿಂಬೆ ಎಂದು ಅವರು ಬರೆದುಕೊಟ್ಟಿದ್ದರು. ನಾನು ಇಂಗನ್ನು ಆರಿಸಿಕೊಂಡೆ. ಅಡುಗೆಮನೆಯ ಚಿಕ್ಕ ಸ್ಟೀಲ್ ಡಬ್ಬಿ, ಬಿಗಿಯಾದ ಮುಚ್ಚಳ. ಇಂಗು ಗೊತ್ತಾಗದ ಮೂಗು ಇನ್ನೇನನ್ನು ಗುರುತಿಸೀತು ಎಂಬುದು ನನ್ನ ಲೆಕ್ಕ.

ಅದೇ ಹೊತ್ತಿಗೆ ಗ್ಯಾಸ್ ಮಾಸ್ಕ್ ಧರಿಸುವವರ ವಾರ್ಷಿಕ ಆರೋಗ್ಯ ಫಾರ್ಮ್ ಬಂತು. ಅದರಲ್ಲಿ ಒಂದು ಪ್ರಶ್ನೆ: ವಾಸನೆ ಗ್ರಹಿಸಲು ತೊಂದರೆ ಇದೆಯೇ? ಮಾಸ್ಕ್ ಸೋರುತ್ತಿದ್ದರೆ ತಿಳಿಯುವುದು ಮೂಗಿನಿಂದಲೇ. ಇದೆ ಎಂದರೆ ಮೆಷಿನ್ ರೂಮಿಗೆ ಪ್ರವೇಶ ಇಲ್ಲ. ಮೆಷಿನ್ ರೂಮ್ ಇಲ್ಲದಿದ್ದರೆ ನನ್ನಿಂದ ಅವರಿಗೆ ಏನು ಉಪಯೋಗ? ಮತ್ತೆ ಆ ಹದಿನೈದು ತಿಂಗಳು ನೆನಪಾಯಿತು. ಇನ್ನೆರಡು ತಿಂಗಳಲ್ಲಿ ಸರಿಹೋಗುತ್ತದಲ್ಲ ಎಂದುಕೊಂಡು ‘ಇಲ್ಲ’ ಎಂಬಲ್ಲಿ ಗುರುತು ಹಾಕಿದೆ. ಎರಡು ತಿಂಗಳು ಹತ್ತಾಯಿತು.

ಆ ಗುರುತು ಎಷ್ಟು ದೊಡ್ಡದೆಂದು ತಿಳಿಯಬೇಕಾದರೆ ನಮ್ಮ ಕೆಲಸದ ರೀತಿ ಹೇಳಬೇಕು. ಮೆಷಿನ್ ರೂಮಿನ ಅಮೋನಿಯಾ ಸೆನ್ಸರ್ ಹಳೆಯದು. ನೆಲ ಒರೆಸುವ ದ್ರಾವಣಕ್ಕೂ ಅರಚಿಕೊಳ್ಳುತ್ತಿತ್ತು. ಹೊಸದು ಗ್ಲೆಂಡೇಲ್‌ನ ಕಂಟ್ರಾಕ್ಟರ್‌ನಿಂದ ಬರಬೇಕಿತ್ತು, ಬಂದಿರಲಿಲ್ಲ. ನಿಯಮದ ಪುಸ್ತಕದ ಪ್ರಕಾರ ಅಲಾರಂ ಬಂದರೆ ಇಬ್ಬರು ಮಾಸ್ಕ್ ಹಾಕಿಕೊಂಡು ಅಮೋನಿಯಾ ಅಳೆಯುವ ಕೈಮೀಟರ್ ಹಿಡಿದು ಹೋಗಬೇಕು. ನಾವು ಮಾಡುತ್ತಿದ್ದುದು ಬೇರೆ. ನಮ್ಮಲ್ಲೊಬ್ಬರು ಹೋಗಿ ಬಾಗಿಲನ್ನು ನಾಲ್ಕು ಬೆರಳಷ್ಟು ತೆರೆದು ಮೂಸುತ್ತಿದ್ದರು. ಮೂವತ್ತು ವರ್ಷ ಅಮೋನಿಯಾ ಜೊತೆ ಬಾಳಿದ ನಮ್ಮ ಚೀಫ್ ಇಂಜಿನಿಯರ್ ಹೇಳುತ್ತಿದ್ದರು: “ಮೀಟರ್ ಸುಳ್ಳು ಹೇಳಬಹುದು, ಮೂಗು ಹೇಳುವುದಿಲ್ಲ.” ಅದು ಒಂದು ಮಟ್ಟಿಗೆ ನಿಜ. ಸೆನ್ಸರ್ ಕೂಗುವುದಕ್ಕಿಂತ ಬಹಳ ಮೊದಲೇ ಮನುಷ್ಯನ ಮೂಗಿಗೆ ಅಮೋನಿಯಾ ತಿಳಿಯುತ್ತದೆ. ಅವರು ಹೇಳಿದ್ದು ಕೆಲಸ ಮಾಡುವ ಮೂಗಿನ ವಿಷಯ.

ಅದು ನವೆಂಬರ್. ಶಾಲಾಮಕ್ಕಳಿಗಾಗಿಯೇ ಬೆಳಿಗ್ಗೆ ಹತ್ತೂವರೆಗೆ ಪಂದ್ಯ ಇಟ್ಟಿದ್ದರು. ಸುತ್ತಲಿನ ಶಾಲೆಗಳಿಂದ ಮೂರು ಸಾವಿರಕ್ಕೂ ಹೆಚ್ಚು ಮಕ್ಕಳು. ಆ ಬೆಳಿಗ್ಗೆ ಎಂದಿನಂತೆ ಕಣ್ಣು ಮುಚ್ಚಿ ಡಬ್ಬಿ ತೆರೆದು ಮೂಸಿದೆ. ಇಂಗು! ತೆಳ್ಳಗೆ, ದೂರದಿಂದ ಬಂದ ಹಾಗೆ, ಆದರೆ ಇಂಗೇ. ಮತ್ತೊಮ್ಮೆ ಮೂಸಿದೆ, ಮತ್ತೆ ಬಂತು. ಗಂಡ ಆಗಲೇ ಕೆಲಸಕ್ಕೆ ಹೋಗಿದ್ದರು. ಡಬ್ಬಿ ಮುಚ್ಚಿ, ಒಬ್ಬಳೇ ನಗುತ್ತ ಕಾರು ಹತ್ತಿದೆ.

ಹೊರಗೆ ಸಾಂಟಾ ಆನಾ ಗಾಳಿ. ಮರುಭೂಮಿಯ ಕಡೆಯಿಂದ ಬೀಸುವ ಒಣ, ಬಿಸಿ ಗಾಳಿ. ಕಣ್ಣು ಉರಿಯುತ್ತಿತ್ತು, ತುಟಿ ಒಡೆಯುತ್ತಿತ್ತು.

ಪಶ್ಚಿಮದ ಬಾಗಿಲಲ್ಲಿ ಅಂಕಲ್ ನಿಂತಿದ್ದರು. ಬೆಂಗಳೂರಿನವರು, ಇಲ್ಲಿಯೇ ಟೆಲಿಕಾಂ ಕಂಪನಿಯಲ್ಲಿ ದುಡಿದು ನಿವೃತ್ತರಾದವರು. ಮನೆಯಲ್ಲಿ ಕೂರಲಾಗದೆ ನಮ್ಮಲ್ಲಿ ಪಂದ್ಯದ ದಿನ ಟಿಕೆಟ್ ನೋಡಿ ಸೀಟು ತೋರಿಸುವ ಕೆಲಸ ಮಾಡುತ್ತಿದ್ದರು. ನನಗೆ ವಾಸನೆ ಹೋಗಿದ್ದು ಅವರಿಗೆ ಗೊತ್ತಿತ್ತು. ಅದಕ್ಕೂ ನನ್ನ ಕೆಲಸಕ್ಕೂ ಇರುವ ಸಂಬಂಧ ಗೊತ್ತಿರಲಿಲ್ಲ.

“ಏನಮ್ಮಾ, ಇವತ್ತು ಮುಖದಲ್ಲಿ ಕಳೆ ಬಂದಿದೆ?”

“ಅಂಕಲ್, ಇಂಗಿನ ವಾಸನೆ ಬಂತು!”

“ಹೌದಾ! ಹಾಗಾದ್ರೆ ಭಾನುವಾರ ಮನೆಗೆ ಬಾ. ಆಂಟಿ ಹುಳಿಗೆ ಇಂಗು ಹಾಕೋದೇ ಇಲ್ಲ ಅಂತ ನಾನಂದ್ರೆ ಜಗಳಕ್ಕೆ ಬರ್ತಾಳೆ. ನೀನು ಬಂದು ಜಡ್ಜ್‌ಮೆಂಟ್ ಕೊಡು.”

“ಆಂಟಿ ವಿರುದ್ಧ ಸಾಕ್ಷಿ ಹೇಳಲ್ಲಪ್ಪ ನಾನು.”

“ಹೆದರುಪುಕ್ಕಲಿ,” ಎಂದು ನಕ್ಕು, ಬಸ್ಸಿನಿಂದ ಇಳಿಯುತ್ತಿದ್ದ ಮಕ್ಕಳ ಕಡೆ ತಿರುಗಿದರು.

ಪಂದ್ಯ ಶುರುವಾಯಿತು. ನಾನು ಕಂಟ್ರೋಲ್ ರೂಮಿನಲ್ಲಿದ್ದೆ. ಐಸ್ ಮೇಲಿನ ಅಂಕಣಕ್ಕೆ ತೇವವೇ ಶತ್ರು. ಹಲಗೆ ಬೆವರಿದರೆ ಆಟಗಾರ ಜಾರುತ್ತಾನೆ. ಆದ್ದರಿಂದ ಛಾವಣಿಯ ನಾಲ್ಕು ಗಾಳಿ ಯಂತ್ರಗಳ ಮೇಲೆ ಕಣ್ಣಿಟ್ಟಿದ್ದೆ. ಅಂದು ಹೊರಗಿನ ಗಾಳಿ ಒಣದಾಗಿದ್ದರಿಂದ ಅದನ್ನೇ ಧಾರಾಳವಾಗಿ ಒಳಗೆ ತೆಗೆದುಕೊಳ್ಳುತ್ತಿದ್ದೆ. ಆ ನಿರ್ಧಾರಕ್ಕೆ ನನ್ನನ್ನು ನಾನೇ ಮೆಚ್ಚಿಕೊಂಡೂ ಇದ್ದೆ.

ಹತ್ತು ಐವತ್ತೆರಡಕ್ಕೆ ಮೆಷಿನ್ ರೂಮಿನ ಮೊದಲ ಹಂತದ ಅಲಾರಂ ಬಂತು. ಚೀಫ್ ರೇಡಿಯೋದಲ್ಲಿ, “ಮತ್ತೆ ಆ ಮುದುಕ ಸೆನ್ಸರ್. ಒಂದು ಸಲ ಮೂಸಿ ಬಾ,” ಎಂದರು. ಹೋದೆ. ಬಾಗಿಲನ್ನು ನಾಲ್ಕು ಬೆರಳಷ್ಟು ತೆರೆದೆ. ಮೂಸಿದೆ. ಕಂಪ್ರೆಸರ್‌ಗಳ ಗುಡುಗು, ಎಣ್ಣೆಯ ಬಿಸಿ. ವಾಸನೆ ಇರಲಿಲ್ಲ. ಕಣ್ಣು ಸ್ವಲ್ಪ ಚುರುಗುಟ್ಟಿತು. ಬೆಳಗಿನಿಂದಲೂ ಉರಿಯುತ್ತಿದೆಯಲ್ಲ, ಗಾಳಿ, ಎಂದುಕೊಂಡೆ. ಕಣ್ಣೊರೆಸಿಕೊಂಡು ಬಾಗಿಲು ಹಾಕಿದೆ.

“ವಾಸನೆ ಇಲ್ಲ. ಸುಳ್ಳು ಅಲಾರಂ,” ಎಂದು ರೇಡಿಯೋದಲ್ಲಿ ಹೇಳಿ ಅಲಾರಂನ ಬಾಯಿ ಮುಚ್ಚಿಸಿದೆ.

ಈ ಒಂದು ವಾಕ್ಯವನ್ನು ನಾನು ಎಷ್ಟು ಸಲ ಮತ್ತೆ ಕೇಳಿಸಿಕೊಂಡಿದ್ದೇನೋ ಲೆಕ್ಕವಿಲ್ಲ. ಒಂದು ಚೂರೂ ಅನುಮಾನವಿಲ್ಲದ ದನಿ ಅದು. ಹತ್ತು ತಿಂಗಳಲ್ಲಿ ಇದಕ್ಕೆ ಮೊದಲು ಮೂರು ಸಲ ಬಾಗಿಲಿಗೆ ಹೋದಾಗ ನಾನು ಗುಟ್ಟಾಗಿ ಕೈಮೀಟರ್ ಒಯ್ದಿದ್ದೆ. ಅಂದು ಒಯ್ಯಲಿಲ್ಲ. ಬೆಳಿಗ್ಗೆ ಇಂಗು ಬಂದಿತ್ತಲ್ಲ.

ಕಂಟ್ರೋಲ್ ರೂಮಿಗೆ ಮರಳಿದಾಗ ಸೆನ್ಸರ್‌ನ ಅಂಕಿ ನಿಧಾನ ಏರುತ್ತಿತ್ತು. ಹಾಳಾದ ಸೆನ್ಸರ್ ಏರುವುದೂ ಹೀಗೆಯೇ. ನೋಡುತ್ತ ಕುಳಿತೆ. ಪರದೆಯಲ್ಲಿ ಮಕ್ಕಳು ಎದ್ದು ನಿಂತು ಕುಣಿಯುತ್ತಿದ್ದರು.

ಹನ್ನೊಂದು ಹದಿನಾಲ್ಕಕ್ಕೆ ರೇಡಿಯೋದಲ್ಲಿ ಕನ್ನಡ ಕೇಳಿಸಿತು.

“ಅಮ್ಮಾ, ಇದೀಯಾ? ವೆಸ್ಟ್ ಡೋರ್ ಹತ್ರ ಏನೋ ಗಂಜಲದ ವಾಸನೆ ಹೊಡೀತಿದೆಯಮ್ಮ. ಮೂಗಿಗೆ ಚುರ್ ಅಂತಿದೆ.”

“ಚಾನೆಲ್‌ನಲ್ಲಿ ಇಂಗ್ಲಿಷ್, ದಯವಿಟ್ಟು,” ಎಂದರು ಚೀಫ್.

“ಬಾತ್‌ರೂಮಿಂದು ಇರ್ಬೇಕು ಅಂಕಲ್,” ಎಂದೆ.

“ಅಲ್ಲಮ್ಮಾ, ಮೇಲಿಂದ ಇಳೀತಿದೆ, ಎಸಿ ಕಿಂಡಿಯಿಂದ. ಅಜ್ಜಿ ಮನೇಲಿ ಕೊಟ್ಟಿಗೆ ಗುಡಿಸಿ ಬೆಳೆದೋನು ನಾನು. ನಂಗೆ ಗೊತ್ತಾಗಲ್ವಾ?”

ಪಶ್ಚಿಮದ ಬಾಗಿಲು ಮೆಷಿನ್ ರೂಮಿನಿಂದ ಕಟ್ಟಡದ ಇನ್ನೊಂದು ತುದಿ. ಮೆಷಿನ್ ರೂಮಿನ ಗಾಳಿಯನ್ನು ಹೊರಹಾಕುವ ಫ್ಯಾನ್ ಛಾವಣಿಯ ಪೂರ್ವ ತುದಿಯಲ್ಲಿದೆ. ಗಾಳಿ ಯಂತ್ರಗಳು ಹೊರಗಾಳಿ ಎಳೆದುಕೊಳ್ಳುವ ಕಿಂಡಿಗಳು ಪಶ್ಚಿಮ ತುದಿಯಲ್ಲಿವೆ. ಹಾಗೆ ಕಟ್ಟಿದ್ದಕ್ಕೆ ಕಾರಣವಿದೆ. ವರ್ಷದ ಬಹುಪಾಲು ಇಲ್ಲಿ ಗಾಳಿ ಪಶ್ಚಿಮದ ಸಮುದ್ರದಿಂದ ಬರುತ್ತದೆ. ಫ್ಯಾನ್ ಏನು ಉಗುಳಿದರೂ ಪೂರ್ವಕ್ಕೆ ಹಾರಿಹೋಗುತ್ತದೆ.

“ಅಂಕಲ್, ಹೊರಗೆ ಬಾವುಟ ಯಾವ ಕಡೆ ಹಾರ್ತಿದೆ?”

“ಸಮುದ್ರದ ಕಡೆ. ಕಿತ್ಕೊಂಡು ಹೋಗೋ ಹಾಗೆ ಹಾರ್ತಿದೆ.”

ಪೂರ್ವದಲ್ಲಿ ನಾವು ಹೊರಹಾಕಿದ್ದನ್ನು ಪಶ್ಚಿಮದಲ್ಲಿ ನಾವೇ ಎಳೆದುಕೊಳ್ಳುತ್ತಿದ್ದೆವು. ಎಳೆದುಕೊಂಡು ಮಕ್ಕಳ ಮೇಲೆ ಬಿಡುತ್ತಿದ್ದೆವು. ನಾನೇ ಕಿಂಡಿಗಳನ್ನು ಧಾರಾಳವಾಗಿ ತೆರೆದಿಟ್ಟಿದ್ದೆ.

ಚೀಫ್‌ಗೆ ಇಂಗ್ಲಿಷಿನಲ್ಲಿ ಹೇಳಿದೆ: ಪಶ್ಚಿಮದಲ್ಲಿ ಅಮೋನಿಯಾ, ಪಂದ್ಯ ನಿಲ್ಲಿಸಬೇಕು.

“ಇಂಜಿನಿಯರ್, ಇಪ್ಪತ್ತೆರಡು ನಿಮಿಷದ ಹಿಂದೆ ಇಲ್ಲ ಅಂದೆ. ನೀನೇ ಮೂಸಿ ಬಂದೆ. ಯಾರೋ ಮುದುಕರ ಮಾತಿಗೆ ಮೂರು ಸಾವಿರ ಮಕ್ಕಳನ್ನು ಎಬ್ಬಿಸಿದರೆ ಮೆಟ್ಟಿಲಲ್ಲೇ ಎಷ್ಟು ಜನ ಕಾಲ್ತುಳಿತಕ್ಕೆ ಸಿಗುತ್ತಾರೆ ಗೊತ್ತಾ?”

ಅವರು ಹೇಳಿದ್ದರಲ್ಲಿ ತಪ್ಪಿರಲಿಲ್ಲ. ಅವರು ನಂಬಿದ್ದು ನನ್ನ ಮೂಗನ್ನು. ಅದನ್ನು ಸುಳ್ಳು ಮಾಡದೆ ಬೇರೆ ದಾರಿ ಇರಲಿಲ್ಲ. ಫೋನ್ ಮಾಡಿ ಅವರಿಗೊಬ್ಬರಿಗೇ ಹೇಳಬಹುದಿತ್ತು. ಹಾಗೆ ಯೋಚಿಸಿದೆ ಕೂಡ, ಒಂದೆರಡು ಸೆಕೆಂಡು. ನಂತರ ರೇಡಿಯೋದ ಗುಂಡಿ ಒತ್ತಿದೆ.

“ನನಗೆ ವಾಸನೆ ಬರುವುದಿಲ್ಲ. ಜನವರಿಯಿಂದ ಬಂದಿಲ್ಲ. ಫಾರ್ಮಿನಲ್ಲಿ ಸುಳ್ಳು ಬರೆದೆ. ನನ್ನ ಪರೀಕ್ಷೆಯನ್ನು ನಂಬಬೇಡಿ.”

ಅರೀನಾದ ಎಲ್ಲ ಸಿಬ್ಬಂದಿ ಕೇಳುತ್ತಿದ್ದರು. ಅಷ್ಟರಲ್ಲಿ ಎರಡನೇ ಹಂತದ ಅಲಾರಂ ಹೊಡೆಯಿತು. ಅದು ಸುಳ್ಳೋ ನಿಜವೋ ಎಂದು ಈ ಸಲ ಯಾರೂ ಕೇಳಲಿಲ್ಲ.

“ಮೆಷಿನ್ ರೂಮಿನ ಹೊರಗಿದ್ದೇನೆ. ಎಮರ್ಜೆನ್ಸಿ ಸ್ವಿಚ್ ಒತ್ತುತ್ತೇನೆ,” ಎಂದರು ಚೀಫ್.

“ಬೇಡ! ತಡೀರಿ!”

ಆ ಸ್ವಿಚ್ ಕಂಪ್ರೆಸರ್‌ಗಳನ್ನು ನಿಲ್ಲಿಸುತ್ತದೆ. ಜೊತೆಗೆ ಫ್ಯಾನನ್ನು ಪೂರ್ತಿ ವೇಗಕ್ಕೆ ಏರಿಸುತ್ತದೆ. ಬೇರೆ ದಿನ ಅದೇ ಸರಿ. ಅಂದು ಕಿಂಡಿಗಳು ತೆರೆದಿರುವಾಗ ಒತ್ತಿದ್ದರೆ ಕೋಣೆಯಲ್ಲಿ ತುಂಬಿದ್ದೆಲ್ಲ ಛಾವಣಿ ದಾಟಿ ನೇರ ಒಳಗೆ ಬರುತ್ತಿತ್ತು. ಮೊದಲು ಕಿಂಡಿ ಮುಚ್ಚಿ ಗಾಳಿ ಯಂತ್ರ ನಿಲ್ಲಿಸಬೇಕು, ಆಮೇಲೆ ಸ್ವಿಚ್. ಒಂದನೆಯದು ಮುಚ್ಚಿತು. ಎರಡು, ಮೂರು ಮುಚ್ಚಿದವು. ನಾಲ್ಕನೆಯದು ಪರದೆಯಲ್ಲಿ ‘ತೆರೆದಿದೆ’ ಎಂದೇ ತೋರಿಸುತ್ತಿತ್ತು. ಮತ್ತೆ ಒತ್ತಿದೆ. ತೆರೆದಿದೆ. ಕಾರಿಡಾರಿಗೆ ಓಡಿ ಆ ಯಂತ್ರದ ವಿದ್ಯುತ್ ಬ್ರೇಕರನ್ನೇ ಕೆಳಗೆಳೆದೆ. ತಲೆಯ ಮೇಲಿನ ಗಾಳಿಕೊಳವೆ ಉಸಿರು ನಿಲ್ಲಿಸಿತು.

“ಈಗ ಒತ್ತಿ.”

ಚೀಫ್ ಕೆಮ್ಮುತ್ತಿದ್ದರು. ಒತ್ತಿದರು.

ಇನ್ನು ಮಕ್ಕಳು. ನಮ್ಮ ಅಭ್ಯಾಸದ ಪ್ರಕಾರ ಎಲ್ಲರೂ ಪಶ್ಚಿಮದ ಬಾಗಿಲಿಂದ ಹೊರಹೋಗಿ ಪಶ್ಚಿಮದ ಪಾರ್ಕಿಂಗ್‌ನಲ್ಲಿ ಸೇರಬೇಕು. ಅವರ ಬಸ್ಸುಗಳು ನಿಂತಿದ್ದೂ ಅಲ್ಲಿಯೇ. ವರ್ಷಕ್ಕೆರಡು ಸಲ ಅದನ್ನೇ ಅಭ್ಯಾಸ ಮಾಡಿದ್ದೆವು. ಈಗ ಅಮೋನಿಯಾ ಹೊತ್ತ ಗಾಳಿ ಬೀಸುತ್ತಿದ್ದುದು ಆ ಕಡೆಗೇ. ಪೂರ್ವಕ್ಕೆ ಹೋದರೆ ಮೆಷಿನ್ ರೂಮ್. ಉಳಿದದ್ದು ಉತ್ತರ: ಸಾಮಾನು ಸಾಗಿಸುವ ಮೂರು ಅಗಲ ಬಾಗಿಲುಗಳು, ಆಚೆ ಖಾಲಿ ಜಾಗ. ಯೋಜನೆ ಬಿಟ್ಟು ಬೇರೆ ದಾರಿ ಹೇಳುವ ಅಧಿಕಾರ ನನ್ನದಲ್ಲ. ಸುಳ್ಳು ಬರೆದೆ ಎಂದು ಒಪ್ಪಿಕೊಂಡು ಎರಡು ನಿಮಿಷವೂ ಆಗಿರಲಿಲ್ಲ.

“ಉತ್ತರದ ಬಾಗಿಲು. ಪಶ್ಚಿಮ ಬೇಡ. ಯಾರನ್ನೂ ಪಶ್ಚಿಮಕ್ಕೆ ಬಿಡಬೇಡಿ,” ಎಂದೆ.

ಚೀಫ್ ಉಸಿರೆಳೆದುಕೊಳ್ಳುವುದು ಕೇಳಿಸಿತು. “ಅವಳು ಹೇಳಿದಂತೆ ಮಾಡಿ,” ಎಂದರು.

ಮೈಕಿನ ಅನೌನ್ಸರ್‌ಗೆ ನಾನಿವತ್ತಿಗೂ ಋಣಿ. ದನಿ ಒಂದಿಷ್ಟೂ ಏರಿಸದೆ, ಆಟಗಾರರು ಉತ್ತರದ ಬಾಗಿಲಿಗೆ ಹೋಗುತ್ತಿದ್ದಾರೆ, ಯಾವ ಶಾಲೆ ಹೆಚ್ಚು ಶಿಸ್ತಿನಿಂದ ಅವರ ಹಿಂದೆ ನಡೆಯುತ್ತದೋ ನೋಡೋಣ ಎಂದರು. ಎರಡೂ ತಂಡದ ಎತ್ತರದ ಹುಡುಗರು ಮೆಟ್ಟಿಲ ಬುಡದಲ್ಲಿ ನಿಂತು ಮಕ್ಕಳ ಕೈ ತಟ್ಟುತ್ತ ದಾರಿ ತೋರಿಸಿದರು. ಪರದೆಯಲ್ಲಿ ನೋಡುತ್ತಿದ್ದೆ. ಸಾಲು ನಿಧಾನ ಸರಿಯುತ್ತಿತ್ತು. ಎಷ್ಟು ನಿಧಾನ!

ಪಶ್ಚಿಮದ ಕ್ಯಾಮೆರಾದಲ್ಲಿ ಅಂಕಲ್ ಕಂಡರು. ಬಸ್ ಇರುವ ಕಡೆ ಓಡಿ ಬಂದ ಮಕ್ಕಳ ಗುಂಪೊಂದನ್ನು ಎರಡೂ ಕೈ ಚಾಚಿ ಹಿಂದಕ್ಕೆ ತಿರುಗಿಸುತ್ತಿದ್ದರು. ಅವರು ನಿಂತಿದ್ದು ಆ ಎಸಿ ಕಿಂಡಿಯ ಕೆಳಗೇ.

“ಅಂಕಲ್, ನೀವೂ ಬನ್ನಿ ಅಲ್ಲಿಂದ.”

“ಇನ್ನೊಂದು ಗುಂಪು ಬರ್ತಿದೆಯಮ್ಮ.”

“ಅಂಕಲ್, ಸಾಕು, ಬನ್ನಿ!”

ಉತ್ತರವಾಗಿ ಬಂದಿದ್ದು ಕೆಮ್ಮು ಮಾತ್ರ. ಮತ್ತೆ ನೋಡುವಾಗ ಗೋಡೆಗೆ ಒರಗಿ ಕುಳಿತಿದ್ದರು. ಇಬ್ಬರು ಆಟಗಾರರು ಮುಖಕ್ಕೆ ಒದ್ದೆ ಟವೆಲ್ ಕಟ್ಟಿಕೊಂಡು ಓಡಿಹೋಗಿ ಅವರನ್ನು ಎತ್ತಿಕೊಂಡು ಬಂದರು.

ಅಗ್ನಿಶಾಮಕ ದಳದವರು ಬಂದು ನೋಡಿದಾಗ ಒಂದು ಕಂಪ್ರೆಸರ್‌ನ ತಿರುಗುವ ಶಾಫ್ಟ್ ಸುತ್ತಲಿನ ಸೀಲ್ ಸೀಳಿಹೋಗಿತ್ತು. ಮೊದಲು ಕೂದಲೆಳೆಯಷ್ಟು, ಆಮೇಲೆ ಪೂರ್ತಿ. ನಾನು ಬಾಗಿಲು ತೆರೆದಾಗ ಅದು ಕೂದಲೆಳೆಯಷ್ಟಿದ್ದಿರಬೇಕು. ಕೆಲವು ಮಕ್ಕಳ ಗಂಟಲು ಕೆರೆದಿತ್ತು, ಕಣ್ಣು ಕೆಂಪಾಗಿತ್ತು. ನೀರಿನಲ್ಲಿ ತೊಳೆದು ಮನೆಗೆ ಕಳಿಸಿದರು. ಅಂಕಲ್ ಅವರನ್ನು ಮಾತ್ರ ಆಸ್ಪತ್ರೆಯಲ್ಲಿ ಉಳಿಸಿಕೊಂಡರು.

ಮರುದಿನ ಹೋದೆ. ಮೂಗಿಗೆ ಆಕ್ಸಿಜನ್ ನಳಿಕೆ. ಪಕ್ಕದಲ್ಲಿ ಆಂಟಿ. ಅವರು ನನ್ನನ್ನು ನೋಡಿ ಎದ್ದು ಕುರ್ಚಿ ಬಿಟ್ಟುಕೊಟ್ಟಿದ್ದಕ್ಕೆ, ಬೈದಿದ್ದರೆ ಆಗುತ್ತಿದ್ದುದಕ್ಕಿಂತ ಹೆಚ್ಚು ನೋವಾಯಿತು.

“ಹುಳಿ ಕೇಸಿನ ಜಡ್ಜ್ ಬಂದ್ರು ನೋಡೇ,” ಎಂದರು ಅಂಕಲ್, ದನಿಯೇ ಇಲ್ಲದ ದನಿಯಲ್ಲಿ.

ಎಲ್ಲ ಹೇಳಿದೆ. ಫಾರ್ಮ್, ಬಾಗಿಲು, ಇಪ್ಪತ್ತೆರಡು ನಿಮಿಷ.

“ನಿನ್ನೆ ಬೆಳಿಗ್ಗೆ ಇಂಗು ಬಂತು ಅಂದ್ಯಲ್ಲಮ್ಮ,” ಎಂದರು ಅಂಕಲ್. ಆರೋಪವಿರಲಿಲ್ಲ ಅದರಲ್ಲಿ. ಅರ್ಥವಾಗದೆ ಕೇಳಿದ ಹಾಗಿತ್ತು. ನನಗೂ ಅರ್ಥವಾಗಿರಲಿಲ್ಲ.

ಮನೆಗೆ ಬಂದು ನೇರ ಅಡುಗೆಮನೆಗೆ ಹೋಗಿ ಡಬ್ಬಿ ತೆರೆದೆ. ಕಣ್ಣು ಮುಚ್ಚದೆ ತೆರೆದಿದ್ದು ಬಹಳ ದಿನಗಳ ನಂತರ. ಒಳಗೆ ಬೆಳ್ಳಗೆ, ನುಣ್ಣಗೆ ಏನೋ ಪುಡಿ. ಇಂಗು ಹಳದಿ.

“ಅದರಲ್ಲಿ ಅಡುಗೆ ಸೋಡಾ ಇದೆ ಕಣೆ,” ಎಂದರು ಗಂಡ. “ಕಬೋರ್ಡೆಲ್ಲ ವಾಸನೆ ಅಂತ ಇಂಗನ್ನ ಗಾಜಿನ ಬಾಟ್ಲಿಗೆ ಹಾಕ್ದೆ. ಡಬ್ಬಿ ಬಿಸಿನೀರಲ್ಲಿ ತೊಳೆದೆ. ಮೊನ್ನೆ ಭಾನುವಾರಾನೇ. ಹೇಳಿರ್ಲಿಲ್ವಾ?”

ಹೇಳಿದ್ದರೋ ಏನೋ. ನಾನು ಮೂಸಿದ್ದು ಸೋಡಾ. ಬಂದದ್ದು ನೆನಪು. ಅದನ್ನು ನಂಬಿಕೊಂಡು ಮೀಟರ್ ಇಲ್ಲದೆ ಬಾಗಿಲಿಗೆ ಹೋದೆ.

ವಿಚಾರಣೆ ಆರು ವಾರ ನಡೆಯಿತು. ಚೀಫ್ ನನ್ನ ಪಕ್ಕ ಕುಳಿತು, ಬಾಗಿಲಲ್ಲಿ ಮೂಸುವ ಅಭ್ಯಾಸ ಕಲಿಸಿದವನು ತಾನು ಎಂದರು. ಅದು ನನ್ನ ಸುಳ್ಳನ್ನು ಚಿಕ್ಕದು ಮಾಡಲಿಲ್ಲ, ಮಾಡಬಾರದು ಕೂಡ. ಅದೇ ಫಾರ್ಮನ್ನು ಮತ್ತೆ ಕೊಟ್ಟರು. ಅದೇ ಪ್ರಶ್ನೆಗೆ ‘ಹೌದು’ ಎಂದು ಗುರುತು ಹಾಕಿದೆ. ಮೆಷಿನ್ ರೂಮಿನ ಕೀಲಿ ಹಿಂತಿರುಗಿಸಿದೆ. ಕೆಲಸ ಉಳಿಯಿತು, ಬೇರೆ ರೂಪದಲ್ಲಿ. ಈಗ ನನ್ನದು ಗಾಳಿ ಯಂತ್ರಗಳು ಮತ್ತು ತುರ್ತುಯೋಜನೆ. ಹೊಸ ಯೋಜನೆಯ ಮೊದಲ ಸಾಲು, ಹೊರಗೆ ಹೋಗಿ ಬಾವುಟ ನೋಡಿ ಎಂಬುದು. ಎರಡನೆಯದು, ಮೂಗನ್ನು ನಂಬಿ ಯಾರೂ ಬಾಗಿಲು ತೆರೆಯಬಾರದು.

ಅಂಕಲ್ ಎರಡು ತಿಂಗಳ ನಂತರ ಕೆಲಸಕ್ಕೆ ಬಂದರು. ಮೆಟ್ಟಿಲು ಹತ್ತಿದರೆ ಈಗಲೂ ಏದುಸಿರು. ಉತ್ತರದ ಬಾಗಿಲು ಕೊಡಿ ಎಂದು ಕೇಳಬಹುದಿತ್ತು, ಕೇಳಲಿಲ್ಲ. ಪಂದ್ಯದ ದಿನ ನಾನು ಪಶ್ಚಿಮದ ಬಾಗಿಲು ದಾಟುವಾಗ ಅವರೇ ಮೊದಲು ಹೇಳುತ್ತಾರೆ: “ಇವತ್ತು ಸಮುದ್ರದಿಂದ ಬರ್ತಿದೆಯಮ್ಮ.” ನಾನು ತಲೆಯಾಡಿಸುತ್ತೇನೆ. ಆದರೂ ಹೊರಗೆ ಹೋಗಿ ಬಾವುಟ ನೋಡಿಯೇ ಬರುತ್ತೇನೆ. ಅವರು ಬೇಸರ ಪಟ್ಟುಕೊಳ್ಳುವುದಿಲ್ಲ.

ವಾಸನೆ ಇನ್ನೂ ಬಂದಿಲ್ಲ. ಬಂದಿದೆ ಎಂದು ಕೆಲವು ಬೆಳಿಗ್ಗೆ ಅನಿಸುತ್ತದೆ. ಅಭ್ಯಾಸ ಬಿಟ್ಟಿಲ್ಲ, ದಿನಾ ಗಾಜಿನ ಬಾಟಲಿ ಎತ್ತಿ ಮೂಸುತ್ತೇನೆ. ಕಣ್ಣು ಮಾತ್ರ ಮುಚ್ಚುವುದಿಲ್ಲ.